ದುರ್ಮುಷ್ ಆಘಾನ ಬೀಳ್ಕೊಡುಗೆ

ಶವಪೆಟ್ಟಿಗೆಯನ್ನು ಮಸೀದಿಯಂಗಳದ ಕಲ್ಲಿನ ಮೇಲೆ ಇಳಿಸುತ್ತಿದ್ದಂತೆ ನೆರ್ಮಿನ್ ನಾದಿನಿಯ ತೋಳನ್ನು ಗಟ್ಟಿಯಾಗಿ ಹಿಡಿದಳು.

"ಸಾದೆತ್ ಬಂದಿದ್ದಾಳೆ ಕಣೇ. ಅಲ್ಲಿ, ಕೋಲು ಹಿಡ್ಕೊಂಡು."

"ಬರ್ಲಿ ಬಿಡಿ ಅತ್ತಿಗೆ. ಎಂಬತ್ತು ದಾಟಿದೆ, ಇನ್ಯಾರಿಗೆ ಹೊಡೀತಾಳೆ?"

"ಕೈಗಲ್ವೇ, ಅವಳ ಬಾಯಿಗೆ ಹೆದರಿಕೆ. ಇಮಾಮರು ಕೇಳಿದಾಗ ಏನಂತಾಳೋ."

ನಮಾಜು ಮುಗಿದ ಮೇಲೆ ಇಮಾಮರು, ಸತ್ತವನನ್ನು ಹೇಗೆ ಬಲ್ಲಿರಿ ಎಂದು ಮೂರು ಸಲ ಕೇಳುತ್ತಾರೆ. ಊರು ಕೊಡುವ ಉತ್ತರವೇ ಅವನು ದೇವರೆದುರಿಗೆ ಒಯ್ಯುವ ಸಾಕ್ಷಿ. ಪೆಟ್ಟಿಗೆಯಲ್ಲಿ ಮಲಗಿದ್ದ ನೆರ್ಮಿನ್‌ಳ ಗಂಡ ಹಿಕ್ಮೆತ್ ಇರುವೆಯನ್ನೂ ನೋಯಿಸಿದವನಲ್ಲ. ಆದರೆ ಉರ್ಲಾ ಎಂಬ ಆ ಊರಿನ ಜನ ಅವನನ್ನು ಹಿಕ್ಮೆತ್ ಎಂದು ಕರೆದದ್ದೇ ಅಪರೂಪ. ಐವತ್ತು ವರ್ಷಗಳಿಂದ ಅವನು ಊರಿಗೆಲ್ಲ ದುರ್ಮುಷ್ ಆಘಾ. ಆ ಪಾಪಿಯನ್ನು ನೆನೆದು ಸಾಕ್ಷಿ ಹೇಳಿಬಿಟ್ಟರೆ?

*

ಆಗ ಇಡೀ ತುರ್ಕಿಗೆ ಇದ್ದದ್ದು ಒಂದೇ ಚಾನೆಲ್, ಉರ್ಲಾಕ್ಕೆ ಇದ್ದದ್ದು ಚಹಾದಂಗಡಿಯ ಒಂದೇ ಟಿವಿ. ಗುರುವಾರದ ಧಾರಾವಾಹಿಯಲ್ಲಿ ಹಿಕ್ಮೆತ್ ಜಮೀನ್ದಾರ ದುರ್ಮುಷ್ ಆಘಾನ ಪಾತ್ರ ಮಾಡಿದ್ದ. ಹನ್ನೊಂದೇ ಕಂತು. ಏಳನೆಯದರಲ್ಲಿ ಅನಾಥ ಸೊಸೆಯನ್ನು ಹಿಮಕ್ಕೆ ದಬ್ಬಿ ಬಾಗಿಲು ಹಾಕಿಕೊಂಡ. ಮರುದಿನ ಮೀನು ಮಾರುಕಟ್ಟೆಯಲ್ಲಿ ಸಾದೆತ್ ಅವನ ಕೆನ್ನೆಗೆ ಬಾರಿಸಿದಳು.

"ಆ ಹುಡುಗಿ ಚಳೀಲಿ ಸಾಯ್ತಿದ್ರೆ ನಿನಗೆ ಮೀನು ಬೇಕೇನೋ, ಕಟುಕ?"

ಹಿಕ್ಮೆತ್ ಮೀನಿಲ್ಲದೆ, ಊದಿದ ಕೆನ್ನೆ ಹೊತ್ತು ಮನೆಗೆ ಬಂದ. ಒದ್ದೆ ಬಟ್ಟೆ ಒತ್ತಲು ಹೋದ ಹೆಂಡತಿಯ ಕೈ ತಡೆದ.

"ಇರ್ಲಿ ಬಿಡೇ. ಬಹುಮಾನ ಬಂದಿದೆ, ಒರೆಸಿ ಹಾಕ್ತೀಯಾ?"

ಆಮೇಲೆ ಸಿಕ್ಕಿದ್ದೆಲ್ಲ ಚಿಲ್ಲರೆ ಪಾತ್ರಗಳು. ಕಾವಲುಗಾರ, ಅಂಚೆಯವನು, ಎರಡು ಸಲ ಹೆಣ. ಅಂಚೆಯವನಿಗೆ ಇದ್ದದ್ದು 'ಕಾಗದ ಬಂದಿದೆ' ಎಂಬ ಒಂದೇ ಮಾತು. ಅದಕ್ಕಾಗಿ ಹಿಕ್ಮೆತ್ ವಾರವಿಡೀ ಊರಿನ ಅಂಚೆಯವನ ಬೆನ್ನು ಹಿಡಿದು ಗುಡ್ಡ ಹತ್ತಿಳಿದ. ಅವನ ಯಾವ ಕಾಲು ನೋಯುತ್ತದೆ ಎಂಬುದನ್ನೂ ಕಲಿತುಬಂದ. ಅಂಥ ನಟನನ್ನು ದೇಶ ಮರೆತದ್ದು ದೇಶದ ದೌರ್ಭಾಗ್ಯ. ಸಾದೆತ್ ಮಾತ್ರ ಮರೆಯಲಿಲ್ಲ. ಕೊನೆಯವರೆಗೂ ಅವನ ಸಲಾಮಿಗೆ ಮುಖ ತಿರುಗಿಸಿಯೇ ನಡೆದಳು.

*

"ಈತನನ್ನು ಹೇಗೆ ಬಲ್ಲಿರಿ?" ಇಮಾಮರು ಕೇಳಿದರು.

"ಒಳ್ಳೆಯವನೆಂದು ಬಲ್ಲೆವು," ಎಂದರು ಜನ.

ಸಾದೆತ್‌ಳ ತುಟಿ ಅಲುಗಲಿಲ್ಲ. ಎರಡನೆಯ ಸಲವೂ ಇಲ್ಲ. ಮೂರನೆಯ ಸಲ ಮುದುಕಿ ಕೋಲೂರಿ ನೆಟ್ಟಗಾದಳು.

"ನಾನು ಹೊಡೆದಾಗ ತಿರುಗಿ ಕೈ ಎತ್ತಲಿಲ್ಲ ಆ ಮನುಷ್ಯ. ಒಳ್ಳೆಯವನು! ಒಳ್ಳೆಯವನು ಅಂತಲೇ ಬಲ್ಲೆ!"

ನೆರ್ಮಿನ್‌ಗೆ ಹೋದ ಜೀವ ಬಂದಂತಾಯಿತು.

ಪೆಟ್ಟಿಗೆ ಹೆಗಲೇರಿತು. ಅದು ಎದುರು ಹಾಯುತ್ತಿದ್ದಂತೆ ಸಾದೆತ್ ಕೋಲೆತ್ತಿ ಕೂಗಿದಳು.

"ದುರ್ಮುಷ್ ಆಘಾ! ಕಟುಕ! ನಿನ್ನ ಮನೆ ಹಾಳಾಗ!"

ಎಳೆಯ ಇಮಾಮರು ಬೆಚ್ಚಿಬಿದ್ದರು. "ತೋಬಾ ತೋಬಾ! ಅಜ್ಜೀ, ಈಗ ತಾನೇ ಒಳ್ಳೆಯವನು ಅಂದ್ರಲ್ಲ?"

"ಅದು ಹಿಕ್ಮೆತ್‌ಗೆ. ಇದು ಆಘಾನಿಗೆ." ಸಾದೆತ್‌ಳ ಕಣ್ಣಿಂದ ನೀರು ಧಾರೆಯಾಗಿ ಇಳಿಯುತ್ತಿತ್ತು. "ನೀವಿನ್ನೂ ಹುಟ್ಟಿರಲಿಲ್ಲ, ನಿಮಗೇನು ಗೊತ್ತು."

"ಥೂ, ಪಾಪಿ!" ಎಂದರು ಆಚೆಯಿಂದ ಯಾರೋ. ಚಹಾದಂಗಡಿಯ ಕಾಲದ ಮುದುಕರೆಲ್ಲ ಕಣ್ಣೊರೆಸಿಕೊಳ್ಳುತ್ತ ಶಾಪ ಹಾಕತೊಡಗಿದರು.

ನೆರ್ಮಿನ್ ನಾದಿನಿಯ ತೋಳು ಬಿಟ್ಟು ಮುಂದೆ ಬಂದಳು. ತಲೆವಸ್ತ್ರ ಸರಿಮಾಡಿಕೊಂಡು, ಎದೆಯ ಮೇಲೆ ಕೈಯಿಟ್ಟು, ಆಟ ಮುಗಿದ ಮೇಲೆ ನಟರು ಬಾಗುವಂತೆ ಆ ಬೈಗುಳಕ್ಕೆಲ್ಲ ಆಳವಾಗಿ ಬಾಗಿದಳು.