ಹಳೆಯ ತೂತುಗಳು

ಆ ಬೆಳಿಗ್ಗೆ ನ್ಯಾಯಾಲಯದ ಮುಂದೆ ಬಂದ ಅತಿ ಗಹನವಾದ ಪ್ರಶ್ನೆಯೆಂದರೆ, ಹನ್ನೆರಡು ಹಾಳೆಗಳನ್ನು ಪಿನ್ನು ಹೊಡೆದು ಜೋಡಿಸಬಹುದೋ, ದಾರದಲ್ಲೇ ಹೊಲಿಯಬೇಕೋ ಎಂಬುದು. ಕಚೇರಿಯ ಹಿರಿಯ ಗುಮಾಸ್ತರು ನಿಯಮದ ಪುಸ್ತಕ ಬಿಚ್ಚಿ, ಕನ್ನಡಕ ಒರೆಸಿಕೊಂಡು, ದಾರವೇ ಸರಿ ಎಂದು ತೀರ್ಮಾನ ಕೊಟ್ಟರು. ಈ ಕೇಸಿನಲ್ಲಿ ಇಷ್ಟು ಖಚಿತವಾದ ಮಾತನ್ನು ಎರಡು ವರ್ಷದಿಂದ ಯಾರೂ ಆಡಿರಲಿಲ್ಲ.

ಕೇಸು, ಕೋರ್ಟಿನೆದುರಿನ ಬೈಂಡಿಂಗ್ ಅಂಗಡಿಯವಳ ತಮ್ಮನದು. ಗೋದಾಮಿನ ಕಾವಲುಗಾರನಾಗಿದ್ದ ಅವನು ಅಲ್ಲಿನ ನೀರಿನ ತೊಟ್ಟಿಯಲ್ಲಿ ಹೆಣವಾಗಿ ಸಿಕ್ಕಿದ್ದ. ಕಾಲು ಜಾರಿ ಬಿದ್ದ ಎಂದು ಪೊಲೀಸರು ಬರೆದುಕೊಂಡರು. ತೊಟ್ಟಿಯ ಗೋಡೆ ಎದೆಮಟ್ಟ. ಅಷ್ಟೆತ್ತರಕ್ಕೆ ಹೋಗಿ ಜಾರುವ ಕಾಲು ಯಾವುದೆಂದು ಅಕ್ಕ ಕೇಳಿದಳು. ಗೋದಾಮಿನ ಮ್ಯಾನೇಜರನ್ನು ಒಂದು ಮಾತು ವಿಚಾರಿಸಿ ಎಂಬುದಷ್ಟೇ ಅವಳ ಅರ್ಜಿ. ನ್ಯಾಯಾಲಯ ಕನಿಕರಿಸಿ, ತನಿಖೆ ಎಲ್ಲಿಗೆ ಬಂತೆಂದು ಮೂರು ತಿಂಗಳಿಗೊಮ್ಮೆ ಮುಚ್ಚಿದ ಲಕೋಟೆಯಲ್ಲಿ ವರದಿ ಕೊಡುವಂತೆ ಪೊಲೀಸರಿಗೆ ಹೇಳಿತು. ನಾಲ್ಕು ವರದಿ ಬಂದವು. ಜಡ್ಜ್ ಓದಿ, ಪೊಲೀಸರಿಗೇ ಹಿಂದಿರುಗಿಸಿದರು. ಒಳಗೇನಿದೆಯೆಂದು ನೋಡುವ ಹಕ್ಕು ಅಕ್ಕನಿಗಿರಲಿಲ್ಲ.

ಹೊಲಿಗೆ ಬಲ್ಲ ಹಳೆಯ ಹೆಡ್ ಕಾನ್‌ಸ್ಟೇಬಲ್ ನಿವೃತ್ತರಾದ್ದರಿಂದ ಐದನೆಯದು ಒಬ್ಬ ಪೇದೆಯ ತಲೆಗೆ ಬಂತು. ಯಾವತ್ತು ಠಾಣೆಗೆ ಹೋದರೂ ‘ನಾಳೆ ಬನ್ನಿ’ ಎನ್ನುತ್ತಿದ್ದುದರಿಂದ ಅಕ್ಕ ಅವನಿಗೆ ನಾಳೆ ಸಾಹೇಬ ಎಂದು ಹೆಸರಿಟ್ಟಿದ್ದಳು. ಅವನು ಆ ಹನ್ನೆರಡು ಹಾಳೆ ಅವುಚಿಕೊಂಡು ಅವಳ ಅಂಗಡಿಗೇ ಬಂದ.

“ಅಕ್ಕ, ಹನ್ನೆರಡಕ್ಕೆ ಕೇಸು ಕರೀತಾರೆ. ಬೇಗ ಹೊಲಿದುಕೊಡಿ.”

“ಯಾರ ಕೇಸು?”

“ನಿಮ್ಮದೇ.”

“ಹಾಗಾದ್ರೆ ನಾಳೆ ಬನ್ನಿ.”

ಅವನು ನಗಲಿಲ್ಲ. “ಇವತ್ತು ಕೊಡದಿದ್ರೆ ಮತ್ತೆ ಮೂರು ತಿಂಗಳು ಮುಂದಕ್ಕೆ ಹೋಗತ್ತೆ. ಆಮೇಲೆ ನನ್ನ ಬೈಬೇಡಿ. ಮತ್ತೆ, ಓದೋ ಹಾಗಿಲ್ಲ. ಗೌಪ್ಯ.”

“ಕಣ್ಣು ಮುಚ್ಚಿಕೊಂಡು ಹೊಲೀಲಾ?”

“ಬೋರಲು ಇಡ್ತೀನಿ.”

ಬೋರಲಿಟ್ಟು, ಪಕ್ಕದಲ್ಲೇ ನಿಂತ. ಅಕ್ಕ ಒಂದಕ್ಷರವನ್ನೂ ನೋಡಲಿಲ್ಲ. ಅಂಚು ತಟ್ಟಿ ಸಮ ಮಾಡುವಾಗ ಹಳೆಯ ಹೊಲಿಗೆಯ ತೂತುಗಳು ಬೆರಳಿಗೆ ಸಿಕ್ಕವು. ಇಪ್ಪತ್ತು ವರ್ಷ ಪಳಗಿದ ಕೈ, ಅವಳನ್ನು ಕೇಳದೆಯೇ, ಅದೇ ತೂತುಗಳಲ್ಲಿ ಸೂಜಿ ತೂರಿಸಿತು. ಇರುವ ತೂತು ಬಿಟ್ಟು ಹೊಸದು ಕೊರೆದರೆ ಅಪ್ಪ ಬೆರಳಿಗೇ ಬಾರಿಸುತ್ತಿದ್ದ. ಹನ್ನೊಂದು ಹಾಳೆ ಸಲೀಸಾಗಿ ದಾಟಿದವು. ಕೊನೆಗೆ ಸಿಕ್ಕ ಮೇಲುಹಾಳೆ ಮಾತ್ರ ತಡೆಯಿತು. ಅದಕ್ಕೂ ಅಲ್ಲಲ್ಲೇ ತೂತು ಚುಚ್ಚಿ, ದಾರ ಬಿಗಿದು, ಹೊಲಿಗೆಯ ಮೇಲೆ ಬಟ್ಟೆಪಟ್ಟಿ ಅಂಟಿಸಿ ಕೊಟ್ಟಳು.

ಅವನು ರಸ್ತೆ ದಾಟಿದ ಮೇಲೆ ಅವಳಿಗೆ ಹೊಳೆಯಿತು. ಹನ್ನೊಂದು ಹಾಳೆ ಹಿಂದೊಮ್ಮೆ ಹೊಲಿದು ಬಿಚ್ಚಿದಂಥವು. ಹೊಸದು ಒಂದೇ, ತಾರೀಕು ಬರೆಯುವ ಮೇಲುಹಾಳೆ.

ಓಡಿಹೋಗಿ ತನ್ನ ವಕೀಲರನ್ನು ಕೋರ್ಟಿನ ಮೆಟ್ಟಿಲ ಮೇಲೆ ಹಿಡಿದಳು. “ಸಾರ್, ಅದು ಹಳೇ ವರದೀನೇ. ಮೇಲಿನ ಹಾಳೆ ಮಾತ್ರ ಬದಲಾಯಿಸಿದಾರೆ.”

“ಓದಿದ್ರಾ?”

“ಇಲ್ಲ. ತೂತಿತ್ತು.”

“ಈಗ ಬಿಚ್ಚಿ ತೋರಿಸಿದ್ರೆ ಗೊತ್ತಾಗತ್ತಾ?”

ಅವಳು ತನ್ನ ಬೆರಳುಗಳನ್ನು ನೋಡಿಕೊಂಡಳು. “ಅದೇ ತೂತಲ್ಲೇ ಹೊಲಿದುಬಿಟ್ಟೆ, ಸಾರ್. ಮೇಲಿನದಕ್ಕೂ ಸರಿಯಾಗಿ ಚುಚ್ಚಿದೆ. ಈಗ ಹನ್ನೆರಡೂ ಒಂದೇ ಥರ.”

ವಕೀಲರು ಕೋಟಿನ ಗುಂಡಿ ಹಾಕಿಕೊಂಡರು. “ಗೌಪ್ಯ ವರದಿ ಮುಟ್ಟಿದೆ ಅಂತ ನೀವು ಅಲ್ಲಿ ಬಾಯಿಬಿಟ್ರೆ, ಮೊದಲು ವಿಚಾರಿಸೋದು ನಿಮ್ಮನ್ನ. ಮ್ಯಾನೇಜರನ್ನ ಅಲ್ಲ. ಸುಮ್ನೆ ಕೂತ್ಕೊಳ್ಳಮ್ಮ.”

ಕೂತಳು. ಜಡ್ಜ್ ಲಕೋಟೆ ಒಡೆದರು. ಪುಟಗಳು ಎಲ್ಲೂ ಮಡಚಿಕೊಳ್ಳದೆ, ಜಾರದೆ ತೆರೆದುಕೊಂಡವು. “ಈ ಸಲ ಶ್ರದ್ಧೆ ಕಾಣ್ತಿದೆ,” ಎಂದರು. ನಾಳೆ ಸಾಹೇಬ ಎದೆ ಸೆಟೆಸಿ ನಿಂತ. ಅಕ್ಕ ಎದ್ದಳು; ವಕೀಲರ ಕೈ ಅವಳ ತೋಳನ್ನು ಹಿಡಿದು ಕೂರಿಸಿತು.

ತನಿಖೆ ತೃಪ್ತಿಕರವಾಗಿ ಸಾಗುತ್ತಿರುವುದರಿಂದ ನ್ಯಾಯಾಲಯದ ಮೇಲ್ವಿಚಾರಣೆ ಇನ್ನು ಬೇಕಿಲ್ಲವೆಂದು ದಾಖಲಿಸಿ, ಅರ್ಜಿಯನ್ನು ಮುಕ್ತಾಯಗೊಳಿಸಲಾಯಿತು.