ಹಾಡಿನೊಳಗಿನ ಅಮ್ಮ

ಬಾಯಿ ಮುಚ್ಚಿಸಿದರೆ ಮೂಗಿನಲ್ಲಿ ಗುನುಗುತ್ತಿದ್ದ ಮಗಳಿಗೆ ಜೀರುಂಡೆ ಎಂದು ಅಡ್ಡಹೆಸರಿಟ್ಟವನು ಅವಳಪ್ಪ. ಸಿಟಿ ಬಸ್ಸಿನ ಡ್ರೈವರು, ಓಣಿಯವರಿಗೆಲ್ಲ ಬೇಕಾದ ಮನುಷ್ಯ. ನಗಿಸಲು ನಿಂತರೆ ಹೆಣವನ್ನೂ ನಗಿಸುತ್ತಿದ್ದ. ಹಳೆ ಸಾಮಾನಿನ ಅಂಗಡಿಯಿಂದ ಮಗಳಿಗೆ ಗಿಟಾರ್ ತಂದುಕೊಟ್ಟವನೂ ಅವನೇ, ಅದನ್ನು ಬಚ್ಚಲ ಕಲ್ಲಿಗೆ ಬಡಿದು ಚೂರು ಮಾಡಿದವನೂ ಅವನೇ. ಒಂದು ಸಂಜೆ ಅವನ ಸ್ನೇಹಿತರ ಮುಂದೆ ಜೀರುಂಡೆ ಅವನ ಕುಡಿತದ ಮೇಲೆ ತಮಾಷೆಯ ಹಾಡು ಕಟ್ಟಿ ಹಾಡಿದ್ದಳು. ಅವರೆಲ್ಲ ಹೊಟ್ಟೆ ಹಿಡಿದುಕೊಂಡು ನಕ್ಕರು. ಅವನೂ ನಕ್ಕ. ಅವರು ಹೋದ ಮೇಲೆ ಗಿಟಾರ್ ಒಡೆದು, ಮಗಳನ್ನು ಮೆಟ್ಟಿಲ ಕೆಳಗಿನ ಸಾಮಾನು ಕೋಣೆಗೆ ದಬ್ಬಿ, ಬೀಗ ಹಾಕಿ ಮಲಗಿದ.

ಆ ವಾರ ಅಮ್ಮನದು ರಾತ್ರಿ ಪಾಳಿ. ಹೋಟೆಲುಗಳ ಚಾದರ ಒಗೆಯುವ ದೊಡ್ಡ ಲಾಂಡ್ರಿಯಲ್ಲಿ ಅವಳಿಗೆ ಇಸ್ತ್ರಿ ಕೆಲಸ. ಬೆಳಿಗ್ಗೆ ಬಂದು ಬೀಗ ತೆಗೆದವಳು ಅವಳು. ಏನೂ ಕೇಳದೆ ಮಗಳ ಒದ್ದೆ ಬಟ್ಟೆ ಬದಲಾಯಿಸಿದಳು, ಬಚ್ಚಲಿನಿಂದ ಗಿಟಾರಿನ ಚೂರು ಗುಡಿಸಿದಳು. ಎದ್ದ ಗಂಡನಿಗೆ ಏನಂದಳೋ ಜೀರುಂಡೆಗೆ ಕೇಳಿಸಲಿಲ್ಲ. ಅವನು ಮಾತ್ರ ಮತ್ತೆಂದೂ ಮಗಳ ಮೇಲೆ ಕೈ ಎತ್ತಲಿಲ್ಲ.

ಅವಳು ಕಾಲೇಜು ಸೇರಿದ ವರ್ಷ ಅಪ್ಪ ಬಸ್ ಡಿಪೋದಲ್ಲಿ ಎದೆ ಹಿಡಿದುಕೊಂಡು ಕುಸಿದವನು ಏಳಲಿಲ್ಲ. ಸತ್ತ ಮೇಲೆ ಇನ್ನಷ್ಟು ಒಳ್ಳೆಯವನಾದ. ಅವನನ್ನು ನೆನೆದು ಜೀರುಂಡೆ ಆಗಾಗ ಕಣ್ಣು ಒರೆಸಿಕೊಳ್ಳುತ್ತಿದ್ದಳು. ಅಮ್ಮ ಬದುಕಿದ್ದಳಲ್ಲ, ಅವಳನ್ನು ನೆನೆಯುವ ಅಗತ್ಯವೇ ಬೀಳಲಿಲ್ಲ.

ಜೀರುಂಡೆ ಹಾಡುಗಾರ್ತಿಯಾದಳು. ಸಾಹಿತ್ಯ ಅವಳದೇ, ರಾಗ ಅವಳದೇ. ಕಂಪನಿಯೊಂದು ಕರೆದು, ಸೊಂಟ ಕುಣಿಸುವಂಥದ್ದು ಬರೆದುಕೊಡು ಎಂದಾಗ ಎದ್ದು ಬಂದವಳು ಮತ್ತೆ ಆ ಕಡೆ ತಲೆ ಹಾಕಲಿಲ್ಲ. ಬಾಡಿಗೆ ಕೋಣೆಯ ಗೋಡೆಗೆ ಕಂಬಳಿ ತೂಗುಹಾಕಿ, ಎದುರುಮನೆಯ ನಾಯಿ ಸುಮ್ಮನಾಗುವವರೆಗೂ ಕಾದು, ಅಲ್ಲೇ ರೆಕಾರ್ಡ್ ಮಾಡುತ್ತಿದ್ದಳು. ಕಾಫಿ ಅಂಗಡಿಗಳಲ್ಲಿ, ಪುಸ್ತಕದಂಗಡಿಯ ಮಹಡಿಯಲ್ಲಿ ಹಾಡುತ್ತಿದ್ದಳು. ಮೈಕು, ಸ್ಪೀಕರು ಜೋಡಿಸಲು ಜೊತೆಗೆ ಬರುತ್ತಿದ್ದ ಗೆಳೆಯನಿಗೆ ಎಲ್ಲರೂ ಸೌಂಡಣ್ಣ ಎನ್ನುತ್ತಿದ್ದರು. "ಕೇಳೋರು ಕಮ್ಮಿ, ಆದ್ರೆ ಕೆಮ್ಮೋರೂ ಇಲ್ಲ," ಎಂದು ಅವನು ಸಮಾಧಾನ ಹೇಳುತ್ತಿದ್ದ.

ಹೀಗಿರುವಾಗ ಕತ್ತಿನಲ್ಲಿ ಗಂಟು ಕಾಣಿಸಿತು. ಹಾಡಿ ಹಾಡಿ ಊದಿಕೊಂಡಿರಬೇಕು ಎಂದು ತಳ್ಳಿಹಾಕಿದಳು. ತೋರಿಸುವ ಹೊತ್ತಿಗೆ ಅದು ಕಂಕುಳಿಗೂ ಎದೆಗೂ ಇಳಿದಿತ್ತು. ಕ್ಯಾನ್ಸರ್. ಅಮ್ಮ ಬಂದು ಕೋಣೆ ಖಾಲಿ ಮಾಡಿಸಿ, ಮನೆಗೆ ಕರೆದುಕೊಂಡು ಹೋದಳು. ಲಾಂಡ್ರಿಯಲ್ಲಿ ಕಾಡಿ ಬೇಡಿ ಪಾಳಿ ಬದಲಿಸಿಕೊಂಡಳು. ಔಷಧಿ ಏರಿಸಿದ ದಿನಗಳಲ್ಲಿ ಮಗಳ ಬೆನ್ನು ನೀವುತ್ತಾ ಬೋಗುಣಿ ಹಿಡಿದು ಕೂರುತ್ತಿದ್ದಳು. ಉದುರುವ ಕೂದಲನ್ನು ಇಸ್ತ್ರಿಯಿಂದ ಒರಟಾದ ಕೈಯಲ್ಲೇ ಮೆತ್ತಗೆ ಬೋಳಿಸಿದಳು. "ನಿನ್ನ ತಲೆ ಇಷ್ಟು ಗುಂಡಗಿದೆ ಅಂತ ಹೆತ್ತಾಗ್ಲೂ ಗೊತ್ತಾಗಿರಲಿಲ್ಲ," ಎಂದಳು.

ಮೊದಲ ಔಷಧಿ ಹಿಡಿಯಲಿಲ್ಲ. ಇನ್ನೊಂದಿದೆ, ನೋಡೋಣ ಎಂದರು ಡಾಕ್ಟರು. ಅವರ ಮುಖ ನೋಡಿದರೆ ನೋಡುವುದಕ್ಕೇನೂ ಉಳಿದಂತಿರಲಿಲ್ಲ. ಆ ಮಧ್ಯಾಹ್ನ ಅಮ್ಮ ಬೋಗುಣಿ ತೊಳೆಯಲು ವಾರ್ಡಿನಾಚೆ ಹೋಗಿದ್ದಾಗ ಜೀರುಂಡೆ ರೆಕಾರ್ಡ್ ಒತ್ತಿದ ಫೋನು ಎದೆಯ ಮೇಲಿಟ್ಟುಕೊಂಡು, ಕೆಲವು ದಿನಗಳಿಂದ ತಲೆಯಲ್ಲಿ ಸುತ್ತುತ್ತಿದ್ದ ಹಾಡನ್ನು ಹಾಡಿದಳು. ದನಿ ಕಿತ್ತುಹೋಗಿತ್ತು. ಮೆಟ್ಟಿಲ ಕೆಳಗಿನ ಆ ಕತ್ತಲೆ ಕೋಣೆಯ ಹಾಡು ಅದು. 'ಅಪ್ಪ' ಎನ್ನುವ ಕಡೆ ನಾಲಿಗೆ ನಿಂತಿತು. ತಾನೀಗ ಹೊರಟಿರುವುದು ಅಪ್ಪನಿರುವ ಕಡೆಗೆ. ಅವನ ಮೇಲೆ ದೂರು ಹೊತ್ತುಕೊಂಡು ಹೇಗೆ ಹೋಗುವುದು? ಅವಳು ಹಾಡಿದಳು:

ಬೀಗ ಹಾಕಿದೆ ಅಮ್ಮ, ಕತ್ತಲೆಗೆ ನನ್ನ ಕೊಟ್ಟೆ,
ಬೆಳಕು ಬರುವ ಹೊತ್ತಿಗೆ ನಾನೇ ಹೊರಟೆ.

ಹಾಡು ಮುಗಿದಾಗ ಅಮ್ಮ ತೊಳೆದ ಬೋಗುಣಿ ಹಿಡಿದು ಬಾಗಿಲಲ್ಲಿದ್ದಳು. "ಹಾಡಿದ್ಯಾ? ಒಳ್ಳೇದಾಯ್ತು. ಏನಾದ್ರೂ ಕುಡೀತೀಯಾ?" ಎಂದಳು.

ಅವಳು ಕಳಿಸಿದ ಅದನ್ನು ಸೌಂಡಣ್ಣ ಇದ್ದ ಹಾಗೇ ನೆಟ್ಟಿನಲ್ಲಿ ಹೊರಬಿಟ್ಟ. ವಾರದೊಳಗೆ ಊರ ತುಂಬ ಅದೇ ಹಾಡು. ಕ್ಷೌರದಂಗಡಿಯಲ್ಲಿ ಅದು, ಬಸ್ಸಿನಲ್ಲಿ ಅದು, ಆಸ್ಪತ್ರೆಯ ಲಿಫ್ಟಿನಲ್ಲಿ ಯಾರದೋ ಜೇಬಿನಲ್ಲಿ ಅದು. ಸಾಯುತ್ತಿರುವ ಹುಡುಗಿ ಹೆತ್ತವಳ ಗುಟ್ಟು ಬಿಚ್ಚಿಟ್ಟಿದ್ದಾಳೆ ಎಂದು ಜನ ಹುಡುಕಿಕೊಂಡು ಕೇಳಿ ಅತ್ತರು. ಇಷ್ಟು ವರ್ಷ ಒಬ್ಬೊಬ್ಬರಾಗಿ ಬರುತ್ತಿದ್ದ ಕೇಳುಗರು ಹಿಂಡು ಹಿಂಡಾಗಿ ಬಂದರು.

ಅತ್ತ ಎರಡನೆಯ ಔಷಧಿ ಹಿಡಿಯಿತು. ಗಂಟು ಕರಗಿತು. ಜೀರುಂಡೆ ಸಾಯಲಿಲ್ಲ.

ಲಾಂಡ್ರಿಯಲ್ಲಿ ಅಮ್ಮನ ಎದುರಿಗೆ ನಿಂತು ಚಾದರದ ಇನ್ನೊಂದು ತುದಿ ಹಿಡಿಯುತ್ತಿದ್ದ ಹೆಂಗಸು ಒಂದು ದಿನ ತುದಿಯನ್ನು ನೆಲಕ್ಕೆ ಬಿಟ್ಟಳು. "ಮಗಳಿಗೆ ಆ ಕಾಯಿಲೆ ಯಾಕೆ ಬಂತು ಅಂತ ಈಗ ಅರ್ಥ ಆಯ್ತು," ಎಂದಳು. ಆಸ್ಪತ್ರೆ, ಲಾಂಡ್ರಿ ಎಂದು ಓಡಾಡುತ್ತಿದ್ದ ಅಮ್ಮ ಆ ಹಾಡಿಗೆ ಕಿವಿಗೊಟ್ಟಿರಲಿಲ್ಲ, ಏನೆಂದು ಅವಳಿಗೆ ತಿಳಿಯಲಿಲ್ಲ. ಇನ್ಯಾರೋ ಫೋನಿನಲ್ಲಿ ಹಾಡು ಹಚ್ಚಿ ಅವಳ ಕಿವಿಯ ಹತ್ತಿರ ಹಿಡಿದರು. ಪೂರ್ತಿ ಕೇಳಿದಳು. ಅಂದಿನಿಂದ ಅವಳ ಜೊತೆ ಚಾದರ ಮಡಿಸಲು ಯಾರೂ ಬರಲಿಲ್ಲ. ಇಷ್ಟಗಲದ ಚಾದರವನ್ನು ಒಬ್ಬಳೇ ಗದ್ದಕ್ಕೆ ಆನಿಸಿಕೊಂಡು ಮಡಿಸುವುದನ್ನು ಕಲಿತಳು.

ಮನೆಯಲ್ಲಿ ಬಾಯಿ ಬಿಡಲಿಲ್ಲ. ಮಗಳ ತಲೆಯಲ್ಲಿ ಕೂದಲು ಚಿಗುರಿ, ಮೆಟ್ಟಿಲು ತಾನೇ ಹತ್ತಿಳಿಯುವಷ್ಟು ಗಟ್ಟಿಯಾದ ಮೇಲೆ, ಒಂದು ಬೆಳಿಗ್ಗೆ ತರಕಾರಿ ಹೆಚ್ಚುತ್ತಾ ಕೇಳಿದಳು.

"ಬೀಗ ಹಾಕಿದ್ದು ಯಾರು?"

"ಅಪ್ಪ."

"ನಾನೆಲ್ಲಿದ್ದೆ?"

"ಡ್ಯೂಟೀಲಿ. ಅಮ್ಮ, ನಾನು ಸಾಯ್ತೀನಿ ಅಂದ್ಕೊಂಡಿದ್ದೆ."

"ಸಾಯೋರು ನಿಜ ಹೇಳ್ತಾರೆ ಅಂತ ಎಲ್ಲರೂ ನಂಬಿದಾರೆ." ಅಮ್ಮ ಹೆಚ್ಚುವುದನ್ನು ನಿಲ್ಲಿಸಲಿಲ್ಲ. "ಅಪ್ಪ ಅಂತ ಹಾಡಿದ್ರೆ ತಾಳ ತಪ್ಪುತ್ತಿತ್ತಾ? ಅದೂ ಎರಡೇ ಅಕ್ಷರ ಅಲ್ವಾ?"

ಜೀರುಂಡೆ ಅಡುಗೆಮನೆಯ ನೆಲದ ಮೇಲೆ ಕೂತು ಅತ್ತಳು. ಎಲ್ಲರ ಮುಂದೆ ನಿಜ ಹೇಳುತ್ತೇನೆ, ನೀನೂ ಬಾ, ನಿನ್ನೆದುರಿಗೇ ಹೇಳುತ್ತೇನೆ ಎಂದು ಮಾತು ಕೊಟ್ಟಳು. ವಾಸಿಯಾದ ಮೇಲಿನ ಅವಳ ಮೊದಲ ಕಾರ್ಯಕ್ರಮ ನಿಗದಿಯಾಗಿತ್ತು. ಅದೂ ಊರಿನ ಅತಿ ದೊಡ್ಡ ಸಭಾಂಗಣದಲ್ಲಿ. ಅಮ್ಮ ನಂಬಿದಳು. ಕಪಾಟಿನ ತಳದಿಂದ ಕಡುನೀಲಿ ಬಟ್ಟೆ ತೆಗೆದು, ಊರ ಚಾದರಗಳಿಗೆ ಇಸ್ತ್ರಿ ಮಾಡಿದ ಕೈಯಿಂದ ಅಪರೂಪಕ್ಕೆ ತನ್ನ ಬಟ್ಟೆಗೂ ಇಸ್ತ್ರಿ ಮಾಡಿಕೊಂಡಳು.

ಆ ಸಂಜೆ ವೇದಿಕೆಯ ಹಿಂದೆ ವಿಷಯ ಕೇಳಿದ ಸೌಂಡಣ್ಣ ಕೈಯಲ್ಲಿದ್ದ ವೈರು ಕೆಳಗಿಟ್ಟ. "ಹುಚ್ಚು ಹಿಡಿದಿದ್ಯಾ? ಹಾಡು ಸುಳ್ಳು ಅಂದ್ರೆ ನಾಳೆ ನಿನ್ನ ಕ್ಯಾನ್ಸರೂ ಸುಳ್ಳು ಅಂತಾರೆ. ಹಾಡಿನ ಜೊತೆ ಹಾಕಿದ ಆ ಬೋಳು ತಲೆ ಫೋಟೋನೂ ನಾಟಕ ಅಂತಾರೆ."

"ಅಮ್ಮನಿಗೆ ಮಾತು ಕೊಟ್ಟಿದೀನಿ."

"ಅಮ್ಮ ಎಲ್ಲಿ ಹೋಗ್ತಾರೆ? ಅವರು ಹೊಟ್ಟೆಗೆ ಹಾಕ್ಕೋತಾರೆ. ಈ ಜನ ಹಾಕ್ಕೊಳಲ್ಲ."

ಆದರೂ ಅವಳು ಹೇಳುವುದೆಂದೇ ವೇದಿಕೆಗೆ ಹೋದಳು. ಹೊಸ ಹಾಡುಗಳನ್ನು ಹಾಡಿದಳು, ಜನ ಮರ್ಯಾದೆಗೆ ಚಪ್ಪಾಳೆ ತಟ್ಟಿದರು. ಕೊನೆಗೆ ಮೈಕಿನ ಹತ್ತಿರ ಬಾಗಿ, "ಆ ಹಾಡಿನ ಬಗ್ಗೆ ಒಂದು ಮಾತು ಹೇಳಬೇಕು," ಎಂದಳು. "ನಮ್ಮಮ್ಮ ಇಲ್ಲೇ ಮುಂದಿನ ಸಾಲಲ್ಲಿದ್ದಾಳೆ."

ಕತ್ತುಗಳು ತಿರುಗಿದವು. ಹಿಂದಿನಿಂದ ಯಾರೋ ಥೂ ಎಂದರು. ಇನ್ಯಾರೋ, "ಬರೋಕೆ ನಾಚಿಕೆ ಆಗಲ್ವಾ?" ಎಂದರು. ಗದ್ದಲ ಏಳುವುದರಲ್ಲಿತ್ತು. ಹೇಗಾದರೂ ಈ ಜನರನ್ನು ಸುಮ್ಮನಾಗಿಸಬೇಕು, ಅಮ್ಮನ ಮೈಮೇಲೆ ಬೀಳದಂತೆ ತಡೆಯಬೇಕು ಎಂಬುದೊಂದೇ ಜೀರುಂಡೆಯ ತಲೆಯಲ್ಲಿ.

"ಯಾರೂ ಅವಳಿಗೆ ಏನೂ ಅನ್ನಬೇಡಿ," ಎಂದಳು. "ನಾನು ಅವಳನ್ನ ಕ್ಷಮಿಸಿದೀನಿ."

ಅಂಥ ಚಪ್ಪಾಳೆ ಅವಳ ಜನ್ಮದಲ್ಲಿ ಬಿದ್ದಿರಲಿಲ್ಲ. ಜನ ಎದ್ದು ನಿಂತರು. ಪಕ್ಕದಲ್ಲಿ ಕೂತಿದ್ದ ಹೆಂಗಸು ಅಮ್ಮನನ್ನು ತೋಳು ಹಿಡಿದು ಎಬ್ಬಿಸಿ ತಬ್ಬಿಕೊಂಡು, "ಎಂಥ ಮಗಳನ್ನ ಹೆತ್ತಿದೀರಿ, ತಾಯಿ," ಎಂದು ಬಿಕ್ಕಿದಳು. ಅಮ್ಮ ಕೈಗಳನ್ನು ಇಳಿಬಿಟ್ಟು ನಿಂತಿದ್ದಳು. ಒಮ್ಮೆ ವೇದಿಕೆಯ ಕಡೆ ನೋಡಿದಳು. ಮಗಳು ಮುಂದಿನ ಮಾತು ಹೇಳುತ್ತಾಳೇನೋ ಎಂದು ಕಾಯುವವಳಂತಿತ್ತು ಆ ನೋಟ. ಜೀರುಂಡೆ ಗಿಟಾರಿನ ತಂತಿ ಮೀಟಿದಳು. ಆ ಹಾಡನ್ನೇ ಹಾಡಿದಳು. ಚೆನ್ನಾಗಿಯೇ ಹಾಡಿದಳು.

ಮನೆಗೆ ಕರೆದೊಯ್ದ ಟ್ಯಾಕ್ಸಿಯವನು ಕನ್ನಡಿಯಲ್ಲಿ ಇಬ್ಬರನ್ನೂ ನೋಡಿ ಗುರುತು ಹಿಡಿದ. "ಆ ಹಾಡಲ್ಲಿ ಬರೋ ಅಮ್ಮ ನೀವೇನಾ?"

"ಹೌದು."

"ಬೇಜಾರು ಮಾಡ್ಕೋಬೇಡಿ. ನಿಜವಾಗ್ಲೂ ಬೀಗ ಹಾಕಿದ್ರಾ?"

"ಹಾಕಿದ್ದೆ ಕಣಪ್ಪ," ಎಂದಳು ಅಮ್ಮ.

ಒಳಗೆ ಬಂದು ಚಪ್ಪಲಿ ಬಿಡುವಾಗ ಜೀರುಂಡೆ, "ಯಾಕಮ್ಮ ಹಾಗಂದೆ?" ಎಂದು ಕೇಳಿದಳು.

"ನೀನು ಕ್ಷಮಿಸಿದೀಯಲ್ಲ. ಏನೂ ಮಾಡದೆ ಇರೋರನ್ನ ಕ್ಷಮಿಸೋಕಾಗತ್ತಾ?" ಅಮ್ಮನ ದನಿಯಲ್ಲಿ ಸಿಟ್ಟಿರಲಿಲ್ಲ. "ಇನ್ಮೇಲೆ ಕೇಳಿದೋರಿಗೆಲ್ಲ ಹಾಗೇ ಹೇಳ್ತೀನಿ. ನೀನು ಹೆದರಬೇಡ."

ಮುಂದಿನ ತಪಾಸಣೆ ಮುಗಿಯುವವರೆಗೂ ಅಮ್ಮ ಅದೇ ಮನೆಯಲ್ಲಿದ್ದು, ಹೊತ್ತುಹೊತ್ತಿಗೆ ಮಾತ್ರೆ ಕೊಟ್ಟು, ಊಟ ಬಡಿಸಿದಳು. ಎಲ್ಲ ಸರಿಯಿದೆ ಎಂದು ಡಾಕ್ಟರು ಹೇಳಿದ ಮೇಲೆ ಲಾಂಡ್ರಿಯ ಕೆಲಸ ಬಿಟ್ಟು, ಎರಡು ಚೀಲ ಹಿಡಿದುಕೊಂಡು ದೂರದ ಊರಿನಲ್ಲಿದ್ದ ತಂಗಿಯ ಮನೆಗೆ ಹೊರಟುಹೋದಳು. ಜಗಳವಾಡಲಿಲ್ಲ. ಯಾವ ಡಬ್ಬಿಯಲ್ಲಿ ಏನಿದೆ ಎಂದು ತೋರಿಸಿಕೊಟ್ಟು ಹೋದಳು.

ಜೀರುಂಡೆ ಊರೂರು ತಿರುಗಿ ಹಾಡಿದಳು. ಹೊಸ ಹಾಡುಗಳನ್ನು ಜನ ಕೇಳಿಸಿಕೊಳ್ಳುತ್ತಿದ್ದರು, ಕೊನೆಯಲ್ಲಿ ಅದೊಂದಕ್ಕೆ ಕಾಯುತ್ತಿದ್ದರು. ಒಂದೆರಡು ಕಡೆ ಅದನ್ನು ಹಾಡದೆ ಇಳಿದುಬಂದಳು. ಆ ಊರುಗಳಿಂದ ಮತ್ತೆ ಕರೆ ಬರಲಿಲ್ಲ. ಒಮ್ಮೆ 'ಅಮ್ಮ' ಇದ್ದಲ್ಲಿ 'ಅಪ್ಪ' ಎಂದು ಹಾಡಿದಳು. ಕೇಳುಗರು ಪದ ಮರೆತಳೆಂದುಕೊಂಡು, ಎಲ್ಲರೂ ಒಟ್ಟಾಗಿ 'ಅಮ್ಮ' ಎಂದು ಹಾಡಿ ಅವಳನ್ನು ತಿದ್ದಿದರು.

ಆರನೇ ವರ್ಷ ಡಾಕ್ಟರು, ಇನ್ನು ನೀವು ಬರಬೇಕಾದ್ದಿಲ್ಲ, ಪೂರ್ತಿ ಗುಣವಾಗಿದೆ ಎಂದರು. "ಮೊದಲು ಅಮ್ಮನಿಗೆ ಹೇಳಿ. ಆವಾಗ ಇಲ್ಲಿ ಅವರಷ್ಟು ಕಷ್ಟಪಟ್ಟೋರು ಯಾರೂ ಇರಲಿಲ್ಲ," ಎಂದರು. ಆಸ್ಪತ್ರೆಯ ಮೆಟ್ಟಿಲ ಮೇಲೆ ನಿಂತು ಫೋನು ಮಾಡಿದಳು. ಎತ್ತಿದವಳು ಚಿಕ್ಕಮ್ಮ.

"ಅಮ್ಮ ಇದಾಳಾ ಚಿಕ್ಕಮ್ಮ? ಒಂದು ಒಳ್ಳೇ ಸುದ್ದಿ."

ಚಿಕ್ಕಮ್ಮನ ಹಿಂದೆ ಟೀವಿಯ ಸದ್ದು, ಯಾವುದೋ ನಗೆ ಕಾರ್ಯಕ್ರಮ. ಅದರ ಮೇಲೆ ಅಮ್ಮನ ನಗು. ತಡೆದು ತಡೆದು, ಕೆಮ್ಮು ಬರುವಷ್ಟು ನಗುತ್ತಿದ್ದಳು. ಆ ನಗು ಕೇಳಿ ಎಷ್ಟು ವರ್ಷವಾಗಿತ್ತೋ.

"ಮಲಗಿದಾಳೆ ಕಣೆ," ಎಂದಳು ಚಿಕ್ಕಮ್ಮ. "ಏಳಿಸ್ಲಾ?"

"ಬೇಡ," ಎಂದಳು ಜೀರುಂಡೆ. "ಮಲಗಲಿ ಬಿಡಿ."