ಕೇಳಿ ದಾಟಿದ ದಾರಿ

ಚಿಕ್ಕಲಕ್ಷ್ಮಮ್ಮನಿಗೆ ಕೋರ್ಟಿನ ಭಯವಿರಲಿಲ್ಲ. ಅಲ್ಲಿ ಹೇಳಬೇಕಾದ ಸುಳ್ಳೇ ಅವಳ ಸಂಕಟ. ಅದೂ ಎಂಥ ಸುಳ್ಳು! ತಾನು ಮರ್ಯಾದೆಗೆಟ್ಟವಳು ಎಂದು ತಾನೇ ಒಪ್ಪಿಕೊಳ್ಳಬೇಕಿತ್ತು.

ಅವಳ ಹಿಪ್ಪುನೇರಳೆ ತೋಟ, ರೇಷ್ಮೆಹುಳ ಸಾಕುವ ಮನೆ ಎರಡೂ ಇದ್ದದ್ದು ರಾಮಲಿಂಗಯ್ಯನ ಹೊಲದ ಹಿಂದೆ. ಮಾಗಡಿ ರಸ್ತೆಗೆ ಬರಲು ಅವನ ಹೊಲದ ನಡುವಿನ ಬಂಡಿದಾರಿಯೇ ಗತಿ. ಅವಳ ಅತ್ತೆಯ ಕಾಲದಿಂದಲೂ ರೇಷ್ಮೆಗೂಡು ಆ ದಾರಿಯಲ್ಲೇ ಬಂದು, ಬಸ್ಸು ಹತ್ತಿ ರಾಮನಗರದ ಮಾರುಕಟ್ಟೆ ಸೇರುತ್ತಿತ್ತು. ಬಿಡದಿ ಕಡೆಯಿಂದ ಫ್ಯಾಕ್ಟರಿಗಳು ಹೊಲ ನುಂಗುತ್ತಾ ಬಂದಾಗ ಬ್ರೋಕರ್ ಬಾಲರಾಜು ರಾಮಲಿಂಗಯ್ಯನ ಕಿವಿ ಕಚ್ಚಿದ. "ನಿನ್ ಜಮೀನು ಗೋಡೌನ್‌ಗೆ ಬೇಕಂತೆ ಕಣಣ್ಣ. ಆದ್ರೆ ಮಧ್ಯ ಇನ್ನೊಬ್ರ ದಾರಿ ಇದ್ರೆ ಯಾರೂ ಮುಟ್ಟಲ್ಲ."

ಮರುದಿನವೇ ದಾರಿಗೆ ಅಡ್ಡ ಕಲ್ಲುಕಂಬ ಎದ್ದವು, ಮುಳ್ಳುತಂತಿ ಬಂತು. ಉಳಿದದ್ದು ಕೆರೆ ಏರಿ. ಅದರ ಮೇಲೆ ಬಂಡಿ ಹೋಗದು. ಒಂದೊಂದೇ ಮೂಟೆ ತಲೆ ಮೇಲೆ ಹೊತ್ತು ಸಾಗಿಸುವಷ್ಟರಲ್ಲಿ ದಿನಗಳೇ ಕಳೆದು, ಚಿಟ್ಟೆಗಳು ಗೂಡು ತೂತು ಮಾಡಿಕೊಂಡು ಹೊರಬಂದವು. ತೂತು ಗೂಡನ್ನು ಯಾರು ಕೊಳ್ಳುತ್ತಾರೆ? ಅರ್ಧ ಬೆಳೆ ಹಾಳಾಯಿತು. ಹೊಟ್ಟೆ ಉರಿದು ಅವಳು ಕೇಸು ಹಾಕಿದಳು.

ಆಗತಾನೇ ಕರಿಕೋಟು ಹಾಕಿದ್ದ ವಕೀಲೆ ಚೈತ್ರಾ ಗಿಣಿಗೆ ಕಲಿಸಿದಂತೆ ಕಲಿಸಿದಳು. "ಅಮ್ಮಾ, ಕೇಳ್ಕೊಂಡು ಓಡಾಡಿದ್ರೆ ಅದು ಅವರು ಕೊಟ್ಟ ಅಪ್ಪಣೆ, ಯಾವಾಗ ಬೇಕಾದ್ರೂ ಬೇಡ ಅನ್ನಬಹುದು. ಇಷ್ಟು ವರ್ಷ ಕೇಳದೆ ಓಡಾಡಿದ್ರೆ ಹಕ್ಕು. ಯಾರನ್ನೂ ಕೇಳ್ತಿರಲಿಲ್ಲ ಅನ್ನಿ, ಸಾಕು."

ಕಾನೂನಿನ ಬುದ್ಧಿ ನೋಡಿ! ನುಗ್ಗಿದವರಿಗೆ ದಾರಿಯಂತೆ, ಕೇಳಿ ಬಂದವರಿಗೆ ಬೇಲಿಯಂತೆ. ಆದರೂ ಚಿಕ್ಕಲಕ್ಷ್ಮಮ್ಮ ದಾರಿಯುದ್ದಕ್ಕೂ ಪಾಠ ಒಪ್ಪಿಸುತ್ತಲೇ ಮಾಗಡಿ ಕೋರ್ಟಿಗೆ ಬಂದಳು.

ಕಟಕಟೆಯಲ್ಲಿ ನಿಂತ ಅವಳನ್ನು ಎದುರು ವಕೀಲರು ಮೆತ್ತಗೆ ಕೇಳಿದರು. "ಏನಮ್ಮಾ, ಇನ್ನೊಬ್ಬರ ಹೊಲಕ್ಕೆ ಹೇಳದೆ ಕೇಳದೆ ನುಗ್ತಿದ್ರಾ?"

ಎದುರಿಗೇ ರಾಮಲಿಂಗಯ್ಯ ಕೂತಿದ್ದ. ಅವನತ್ತ ನೋಡಿದ್ದೇ ಅವಳು ಕಲಿತ ಪಾಠ ಬಿಟ್ಟು ದನಿ ಏರಿಸಿದಳು.

"ಕೇಳ್ದೆ ನುಗ್ಗಕ್ಕೆ ನಾನೇನು ಹಗ್ಗ ಬಿಚ್ಚಿದ ದನವಾ ಸ್ವಾಮಿ? ಮೂಲೇಲಿ ನಿಂತ್ಕಂಡು 'ಅಣ್ಣಾ, ದಾಟ್ಲಾ' ಅಂತ ಕೂಗಿ, ಅವನು ಹ್ಞೂಂ ಅಂದ್ಮೇಲೇ ಕಾಲಿಡ್ತಿದ್ದೆ. ಬೇಕಾದ್ರೆ ಅವ್ನನ್ನೇ ಕೇಳಿ!"

ಚೈತ್ರಾ ಹಣೆ ಹಿಡಿದುಕೊಂಡಳು.

ಮುಂದೆ ರಾಮಲಿಂಗಯ್ಯನ ಸರದಿ. ಚೈತ್ರಾ ಬೇರೇನೂ ತೋಚದೆ ಎದ್ದು, "ಅವರು ಕೇಳಿದಾಗ ನೀವು ಒಂದ್ಸಲನಾದ್ರೂ ಬೇಡ ಅಂದಿದ್ದುಂಟಾ?" ಎಂದಳು.

ರಾಮಲಿಂಗಯ್ಯ ಕೆರಳಿದ. "ಬ್ಯಾಡ ಅನ್ನಕ್ಕೆ ನಾನ್ಯಾರು? ಹೆಂಗ್ಸು ಗೂಡು ಹೊತ್ಕಂಡು ನಿಂತಿದ್ರೆ ಬ್ಯಾಡ ಅನ್ನೋ ಮನೆತನವಾ ನಮ್ದು? ನಮ್ಮಪ್ಪನೂ ಹೇಳ್ತಿದ್ದ, ನಾನೂ ಹೇಳ್ತಿದ್ದೆ, 'ನಿಂದೇ ದಾರಿ ಕಣವ್ವ, ನನ್ನೇನು ಕೇಳ್ತೀಯ' ಅಂತ!"

ಈ ಸಲ ಹಣೆ ಹಿಡಿದುಕೊಂಡವರು ಅವನ ವಕೀಲರು. ನ್ಯಾಯಾಧೀಶರು ಕನ್ನಡಕ ಒರೆಸುವ ನೆಪದಲ್ಲಿ ನಗು ನುಂಗಿದರು. ಅವಳು ಕೇಳಿದ್ದು ಮರ್ಯಾದೆಗೆ, ಓಡಾಡಿದ್ದು ಹಕ್ಕಿನಿಂದಲೇ ಎಂದು ತೀರ್ಪಾಯಿತು. ತಂತಿ ಬಿಚ್ಚಿದರು. ಬಾಲರಾಜು ಬೇರೆ ಹೊಲ ಹುಡುಕಿಕೊಂಡ. ರಾಮಲಿಂಗಯ್ಯ ಮಾತು ಬಿಟ್ಟ. ಅದರಿಂದ ಚಿಕ್ಕಲಕ್ಷ್ಮಮ್ಮನಿಗೆ ಗೆದ್ದ ಖುಷಿಯೇ ಆಗಲಿಲ್ಲ.

"ಇನ್ಮೇಲೆ ಯಾರನ್ನೂ ಕೇಳಬೇಡಿ, ನಿಮ್ಮ ಕಾಲಿಗೆ ಬೀಳ್ತೀನಿ" ಎಂದು ಚೈತ್ರಾ ಹೇಳಿ ಕಳಿಸಿದ್ದಳು.

ಮುಂದಿನ ಬೆಳೆಯ ಗೂಡು ಬಂಡಿಗೇರಿತು. ಹೊಲದ ಮೂಲೆಗೆ ಬಂದ ಚಿಕ್ಕಲಕ್ಷ್ಮಮ್ಮ ಎತ್ತು ನಿಲ್ಲಿಸಿದಳು. ರಾಮಲಿಂಗಯ್ಯ ಬೆನ್ನು ಹಾಕಿ ರಾಗಿಯ ಕಳೆ ಕೀಳುತ್ತಿದ್ದ.

"ಅಣ್ಣಾ, ದಾಟ್ಲಾ?"

ಅವನು ಇನ್ನೊಂದು ಕಳೆ ಕಿತ್ತ. ದೂರದ ತಿರುವಿನಲ್ಲಿ ಬಸ್ಸಿನ ಹಾರನ್ ಕೇಳಿಸಿತು.

"ಕೋರ್ಟೇ ಹೇಳೈತಲ್ಲ, ಹೋಗು" ಎಂದ, ತಿರುಗದೆ.

"ಕೋರ್ಟ್ ಹೇಳ್ತು. ನೀನು ಹೇಳ್ಲಿಲ್ವಲ್ಲ."

ಈ ಬಸ್ಸು ತಪ್ಪಿದರೆ ಇವತ್ತಿನ ಮಾರುಕಟ್ಟೆಯೂ ತಪ್ಪಿದಂತೆ. ಆದರೂ ಅವಳು ಎತ್ತಿನ ಹಗ್ಗ ಸಡಿಲಿಸಲಿಲ್ಲ. ರಾಮಲಿಂಗಯ್ಯ ಕೈಯಲ್ಲಿದ್ದ ಕಳೆ ಬಿಸಾಕಿ ಎದ್ದ.

"ನಿಂದೇ ದಾರಿ ಕಣವ್ವ, ನನ್ನೇನು ಕೇಳ್ತೀಯ!" ಎಂದು ರೇಗುತ್ತಲೇ ಪಂಚೆ ಎತ್ತಿ ಕಟ್ಟಿ ರಸ್ತೆ ಕಡೆ ಓಡಿದ, ಬಸ್ಸು ನಿಲ್ಲಿಸಲು.